ಒಂದು ನಿಮಿಷ ಸುಮ್ಮನೆ ನಿಲ್ಲಿ

ಹಾಸನದ ದಿನಚರಿಯ ಬಗ್ಗೆ ಕಿರು ಸಾಕ್ಷ್ಯಚಿತ್ರ ಮಾಡಿದ್ದೇವೆ, ಸಂಕಲನ ಮಾಡಿಕೊಡಿ ಎಂದು ಬರುವ ಹುಡುಗರ ಹಾರ್ಡ್ ಡಿಸ್ಕಿನಲ್ಲಿ ಡ್ರೋನ್ ದೃಶ್ಯ ಇದ್ದೇ ಇರುತ್ತದೆ. ಮಹಾರಾಜ ಪಾರ್ಕಿನ ಮರಗಳ ನೆತ್ತಿ, ಬಸ್ ನಿಲ್ದಾಣದ ತಾರಸಿ. ಇರಲಿ. ಇಲ್ಲದಿರುವುದು ಒಂದೇ: ಯಾರೂ ಮಾತನಾಡದ ಒಂದು ನಿಮಿಷದ ಸದ್ದು.

"ಮೌನ ತಾನೇ ಸರ್, ಕಂಪ್ಯೂಟರಿನಲ್ಲೇ ಹಾಕಿಕೊಳ್ಳಿ" ಎನ್ನುತ್ತಾರೆ. ಕಂಪ್ಯೂಟರಿನದು ಮೌನವಲ್ಲ, ತೂತು. ಕಟ್ಟಿನಕೆರೆ ಮಾರುಕಟ್ಟೆಯಲ್ಲಿ ಯಾರಾದರೂ ಮಾತನಾಡುವಾಗ ಹಿಂದೆ ತಕ್ಕಡಿ, ಚೌಕಾಸಿ, ದೂರದ ಆಟೋ ಎಲ್ಲ ಕಲೆತ ಒಂದು ಗುಂಯ್‌ಗುಟ್ಟುವಿಕೆ ಇರುತ್ತದೆ. ನಡುವಿನ ಕೆಮ್ಮನ್ನು ನಾನು ಕತ್ತರಿಸಿದರೆ ಅದೂ ಕತ್ತರಿಸಿಹೋಗುತ್ತದೆ. ಅರ್ಧ ಸೆಕೆಂಡ್ ಸಾಕು, ಸ್ಪೀಕರ್ ಕೆಟ್ಟಿತೇನೋ ಅನ್ನಿಸಲು. ಆ ತೂತಿಗೆ ಅದೇ ಬಟ್ಟೆಯ ತೇಪೆ ಬೇಕು: ಅದೇ ಜಾಗ, ಅದೇ ಹೊತ್ತು, ಅದೇ ಮೈಕು, ರೆಕಾರ್ಡಿಂಗ್ ಮಟ್ಟವನ್ನೂ ಕದಲಿಸಬಾರದು. ಹಾಸನಾಂಬೆಯ ಬಾಗಿಲು ತೆರೆದಿರುವ ಆಶ್ವಯುಜದಲ್ಲಿ ಹಿಡಿದ ಬೀದಿಯ ಸದ್ದನ್ನು ಆಷಾಢದ ದೃಶ್ಯಕ್ಕೆ ಹೊಲಿಯಲಾಗದು. ಅಂತರ್ಜಾಲದಿಂದ ಇಳಿಸಿಕೊಂಡ ಸದ್ದಂತೂ ಬೇಡವೇ ಬೇಡ. ಒಂದು ಚಿತ್ರದಲ್ಲಿ ನಮ್ಮ ಸೊಪ್ಪಿನವರ ಬೆನ್ನ ಹಿಂದೆ ಹಿಂದಿಯಲ್ಲಿ ಚೌಕಾಸಿ ನಡೆದಿತ್ತು.

ಒಳಾಂಗಣವಾದರೆ ಇನ್ನೂ ಎಚ್ಚರ ಬೇಕು. ನಮ್ಮ ವಿದ್ಯುತ್ತು 50 ಹರ್ಟ್ಸ್‌ನದು, ಹಳೆಯ ಚೋಕಿನ ಟ್ಯೂಬ್‌ಲೈಟ್ ಅದರ ಇಮ್ಮಡಿ, 100 ಹರ್ಟ್ಸ್‌ನಲ್ಲಿ ಗುನುಗುತ್ತದೆ. ಹೋಟೆಲಿನ ಫ್ರಿಜ್ ಮನಸ್ಸಿಗೆ ಬಂದಾಗ ನಿಂತು, ಮತ್ತೆ ಹೊರಡುತ್ತದೆ. ಸಂದರ್ಶನದಲ್ಲಿ ಅದು ಓಡುತ್ತಿದ್ದರೆ ನಿಮ್ಮ ಆ ಒಂದು ನಿಮಿಷದಲ್ಲೂ ಓಡುತ್ತಿರಬೇಕು. ಸಂಗೀತವೇ ಬೇಡವೆಂದು ನಾನು ಹೇಳುತ್ತಿಲ್ಲ, ಕೆಲವು ಚಿತ್ರಗಳಿಗೆ ಬೇಕಾದೀತು. ಆದರೆ ತೂತು ಮುಚ್ಚಲು ಕೊಳಲು ಊದಿಸುವವರ ಮೇಲೆ ಮಾತ್ರ ನನಗೆ ಸಿಟ್ಟು ಬರುತ್ತದೆ.

ಕಳೆದ ವರ್ಷ ಅಂಥ ಒಬ್ಬ ಹುಡುಗನನ್ನು ಎಳೆದುಕೊಂಡು ಬೆಳಗಿನ ಆರಕ್ಕೆ, ಅವನು ಚಿತ್ರಿಸಿದ್ದ ಹೂವಿನ ಅಜ್ಜಿಯ ಬಳಿಗೇ ಹೋದೆ. ಹಿಂದೆ ಹಿಡಿದಿದ್ದೂ ಅದೇ ಹೊತ್ತಿನಲ್ಲಿ.

"ಇವತ್ತು ಏನು ಹೇಳಬೇಕಪ್ಪಾ?" ಎಂದು ಅಜ್ಜಿ ಸೆರಗು ಸರಿಮಾಡಿಕೊಂಡರು.

"ಏನೂ ಇಲ್ಲ. ಒಂದು ನಿಮಿಷ ಸುಮ್ಮನಿದ್ದರೆ ಸಾಕು."

ಅಜ್ಜಿ ಸುಮ್ಮನಾದದ್ದಷ್ಟೇ ಅಲ್ಲ, ಮೊಳ ಹಾಕುತ್ತಿದ್ದ ಕೈಯನ್ನು ಗಾಳಿಯಲ್ಲೇ ನಿಲ್ಲಿಸಿದರು. ಪಕ್ಕದ ಬಾಳೆಎಲೆಯವನನ್ನು ಕಣ್ಣಿನಲ್ಲೇ ಗದರಿದರು. ನಲವತ್ತನೆಯ ಸೆಕೆಂಡಿಗೆ ಗಿರಾಕಿಯೊಬ್ಬರು ಬಂದು "ಸೇವಂತಿಗೆ ಹೇಗೆ?" ಎಂದರು. ಅಜ್ಜಿ ತುಟಿ ಬಿಚ್ಚದೆ ಬೆರಳೆತ್ತಿ ಬೆಲೆ ತೋರಿಸಿದರು. ಮೈಕನ್ನೂ ನಮ್ಮ ಮುಖವನ್ನೂ ಒಮ್ಮೆ ನೋಡಿದ ಆ ಗಿರಾಕಿ, ತಾವೂ ಬೆರಳಿನಲ್ಲೇ ಚೌಕಾಸಿಗೆ ಇಳಿದರು.