ಸಿಚುಯೇಶನ್‌ಶಿಪ್: "ಯಾರವಾ ಇವರು?"

ದಿನಾ ರಾತ್ರಿ ಫೋನು. ವಾರಕ್ಕೊಮ್ಮೆ ಭೇಟಿ. ಕೈ ಹಿಡಿಯುವಷ್ಟು ಸಲಿಗೆಯೂ ಇದೆ. ಆದರೆ ಒಬ್ಬರು ಮಾತು ಕೊಟ್ಟಿಲ್ಲ, ಇನ್ನೊಬ್ಬರು ಕೇಳಿಲ್ಲ. ಗೆಳೆತನಕ್ಕಿಂತ ಜಾಸ್ತಿ, ಪ್ರೀತಿ ಅನ್ನೋಕೆ ಧೈರ್ಯ ಸಾಲದು. ಇದಕ್ಕೇ ಸಿಚುಯೇಶನ್‌ಶಿಪ್ ಅಂತಾರೆ. ಸಿಚುಯೇಶನ್ ಅಂದರೆ ಸನ್ನಿವೇಶ, ಅದಕ್ಕೆ ರಿಲೇಶನ್‌ಶಿಪ್ಪಿನ ಬಾಲ ಸೇರಿಸಿದ್ದಾರೆ. 2023ರಲ್ಲಿ ಆಕ್ಸ್‌ಫರ್ಡ್ ನಿಘಂಟಿನವರು ವರ್ಷದ ಪದ ಆರಿಸುವಾಗ ಕೊನೆಯ ಪಟ್ಟಿಯಲ್ಲಿ ಇದೂ ಇತ್ತು. ಗೆದ್ದದ್ದು 'ರಿಜ್', ಅಂದರೆ ಇನ್ನೊಬ್ಬರನ್ನು ಸೆಳೆಯುವ ಮೋಡಿ.

ನಮ್ಮ ಹುಬ್ಬಳ್ಳಿ-ಧಾರವಾಡದಲ್ಲಿ ಈ ಗುಟ್ಟು ರಟ್ಟಾಗೋದು 'ನೀವು', 'ನೀನು' ಹತ್ತಿರ. ನನ್ನ ಗೆಳತಿಯೊಬ್ಬಳ ಕಥೆ ಕೇಳಿ. ಅವಳೂ ಇಂಥದೇ ನಂಟಿನ ಹುಡುಗನೂ ಧಾರವಾಡದ ಜುಬಿಲಿ ಸರ್ಕಲ್‌ನಲ್ಲಿ ಚಿಗರಿ ಬಸ್ ಹತ್ತಿ ಹುಬ್ಬಳ್ಳಿಗೆ ಹೊರಟಿದ್ದರು. ನವನಗರದಲ್ಲಿ ಅವಳ ಸೋದರತ್ತೆ ಹತ್ತಿದರು. ಎದುರು ಸೀಟಿಗೇ ಬಂದು ಕೂತರು.

"ಯಾರವಾ ಇವರು?"

"ಪರಿಚಯದವ್ರು ಅತ್ತಿ" ಅಂದಳು ಇವಳು. ಅದೇ ಹೊತ್ತಿಗೆ ಅವನು "ಒಂದ ಆಫೀಸ್ರೀ" ಅಂದ. ಅವನದು ಬ್ಯಾಂಕು, ಇವಳದು ಶಾಲೆ. ಅತ್ತೆ ಏನೂ ಅನ್ನಲಿಲ್ಲ. ಉಣಕಲ್ ದಾಟೋವರೆಗೂ ಇಬ್ಬರೂ 'ನೀವು', 'ರೀ' ಅಂತ ಜೋಪಾನವಾಗಿ ಮಾತಾಡಿದರು. ವಿದ್ಯಾನಗರದಲ್ಲಿ ಇವಳು ಇಳಿಯೋಕೆ ಎದ್ದಾಗ ಅವನ ಬಾಯಿ ತಪ್ಪಿತು: "ಏ, ನಿನ್ನ ಛತ್ರಿ ಇಲ್ಲೇ ಬಿಟ್ಟಿ ನೋಡ!"

"ಪರಿಚಯ ಭಾಳ ಛಲೋ ಅದ ಬಿಡವಾ" ಅಂದರು ಅತ್ತೆ.

ಓಣಿಯ ಯಾರೋ ಹಿರಿಯರಿಗೂ ಕಾಕಾ, ಮಾವ ಅನ್ನುವ ಊರು ನಮ್ಮದು. ಎಲ್ಲರಿಗೂ ಒಂದು ಹೆಸರಿದೆ, ಇವರಿಬ್ಬರಿಗೆ ಮಾತ್ರ ಇಲ್ಲ. ಅದಕ್ಕೇ ಈ ಪದ ನನಗೆ ಬೇಕು ಅನ್ನಿಸುತ್ತದೆ. ಇಬ್ಬರಿಗೂ ಹೀಗಿರೋದೇ ಹಿತವಾಗಿದ್ದರೆ ತಪ್ಪೇನಿಲ್ಲ. ಆದರೆ ಒಬ್ಬರು ಒಳಗೊಳಗೇ ಕಾಯುತ್ತಾ, ಇನ್ನೊಬ್ಬರು ಸುಮ್ನೆ ಹಾಯಾಗಿದ್ದರೆ, ಕಾಯುವವರಿಗೆ ನಿದ್ದೆ ಬರೋದಿಲ್ಲ. ಕೇಳಿದರೆ ಇದ್ದದ್ದೂ ಹೋದೀತು ಅನ್ನೋ ಭಯ ಬೇರೆ. ನನ್ನ ಗೆಳತಿ ಎಂಟು ತಿಂಗಳು ಆ ಭಯದಲ್ಲೇ ಇದ್ದಳು. "ನಾವು ಯಾರು?" ಅಂತ ನೇರವಾಗಿ ಕೇಳೋಕೆ ಅವಳಿಗೆ ಆಗಿರಲೇ ಇಲ್ಲ.

ಅವತ್ತು ರಾತ್ರಿ ಅವನಿಗೆ ಒಂದೇ ಸಾಲು ಕಳಿಸಿದಳು: "ಅತ್ತಿ ಮತ್ತ ಕೇಳಿದ್ರ ಏನ್ ಹೇಳೂಣು?"