ಜೈಲರನ ಶುಲ್ಕ ಮತ್ತು ಕಾರ್ಡಿಂಗ್ಟನ್ನಿನ ಜಮೀನ್ದಾರ

ಹದಿನೆಂಟನೆಯ ಶತಮಾನದ ಇಂಗ್ಲೆಂಡಿನಲ್ಲಿ ನ್ಯಾಯಾಲಯ ನಿರ್ದೋಷಿಯೆಂದು ಸಾರಿದರೂ ಮನುಷ್ಯ ಮನೆಗೆ ಮರಳುತ್ತಾನೆಂಬ ಖಾತ್ರಿಯಿರಲಿಲ್ಲ. ವಿಚಾರಣೆಗೆ ಕಾಯುತ್ತ ತಿಂಗಳುಗಟ್ಟಲೆ ಸೆರೆಯಲ್ಲಿ ಕಳೆದವನು ಬಿಡುಗಡೆಗಾಗಿ ಜೈಲರನಿಗೆ ಶುಲ್ಕ ತೆರಬೇಕಿತ್ತು; ತೆರಲಾಗದಿದ್ದರೆ ಅವನನ್ನು ಮತ್ತೆ ಒಳಗೇ ಎಳೆದೊಯ್ಯುತ್ತಿದ್ದರು. ಈ ಅನ್ಯಾಯವನ್ನು ಬಯಲಿಗೆ ತಂದ ಜಾನ್ ಹೋವರ್ಡ್ ವಕೀಲನೂ ಅಲ್ಲ, ಮಂತ್ರಿಯೂ ಅಲ್ಲ. ಬೆಡ್‌ಫರ್ಡ್‌ಷೈರಿನ ಕಾರ್ಡಿಂಗ್ಟನ್ ಎಂಬ ಹಳ್ಳಿಯಲ್ಲಿ ನೆಲೆಸಿದ್ದ ಒಬ್ಬ ಜಮೀನ್ದಾರ.

ಅಂದಿನ ಕೌಂಟಿಯ, ಅಂದರೆ ಜಿಲ್ಲೆಯ, ಆಡಳಿತ ಬಹುಮಟ್ಟಿಗೆ ಇಂಥ ಜಮೀನ್ದಾರರ ಕೈಯಲ್ಲೇ ಇತ್ತು. ಸಂಬಳವಿಲ್ಲದ ಮ್ಯಾಜಿಸ್ಟ್ರೇಟರಾಗಿ ಅವರು ವರ್ಷಕ್ಕೆ ನಾಲ್ಕು ಸಲ ಸಭೆ ಸೇರಿ ಅಪರಾಧಗಳ ವಿಚಾರಣೆ ನಡೆಸುತ್ತಿದ್ದರು, ಸೇತುವೆಗಳ ದುರಸ್ತಿಗೆ ಹಣ ಮಂಜೂರು ಮಾಡುತ್ತಿದ್ದರು, ಅದಕ್ಕೆ ಬೇಕಾದ ಕೌಂಟಿ ತೆರಿಗೆಯನ್ನೂ ವಿಧಿಸುತ್ತಿದ್ದರು. ಅವರಲ್ಲೇ ಒಬ್ಬರು ಪ್ರತಿವರ್ಷ ಕೌಂಟಿಯಲ್ಲಿ ರಾಜನ ಪ್ರತಿನಿಧಿಯಾದ ಹೈ ಶೆರೀಫ್ ಆಗುತ್ತಿದ್ದರು. ಕೌಂಟಿಯ ಸೆರೆಮನೆ ಕಾನೂನಿನ ಪ್ರಕಾರ ಶೆರೀಫನ ಹೊಣೆಯಾಗಿದ್ದರೂ ದಿನನಿತ್ಯದ ಕೆಲಸವನ್ನು ಉಪಶೆರೀಫನಿಗೆ ಒಪ್ಪಿಸಿ, ಗೌರವದ ಭಾಗವನ್ನಷ್ಟೇ ತಾವು ಇಟ್ಟುಕೊಳ್ಳುವುದು ವಾಡಿಕೆಯಾಗಿತ್ತು.

1773ರಲ್ಲಿ ಶೆರೀಫನಾದ ಹೋವರ್ಡ್ ಆ ವಾಡಿಕೆಗೆ ಒಗ್ಗಲಿಲ್ಲ. ಒಕ್ಕಲುಗಳಿಗೆ ಒಳ್ಳೆಯ ಮನೆಗಳನ್ನು ಕಟ್ಟಿಸಿ, ಅವರ ಮಕ್ಕಳ ಓದಿಗೆ ಹಣ ಕೊಟ್ಟು, ತನ್ನ ಊರಿನಲ್ಲಿ ಅವನು ಆಗಲೇ ಹೆಸರಾಗಿದ್ದ. ಸೆರೆವಾಸವೂ ಅವನಿಗೆ ಕೇಳಿ ತಿಳಿದ ಸಂಗತಿಯಾಗಿರಲಿಲ್ಲ. 1755ರ ಭೂಕಂಪದ ನಂತರ ಲಿಸ್ಬನ್ನಿಗೆ ಹೊರಟಿದ್ದ ಅವನ ಹಡಗನ್ನು ಫ್ರೆಂಚರು ಹಿಡಿದಾಗ ಬ್ರೆಸ್ಟ್ ನಗರದ ಬಂದೀಖಾನೆಯಲ್ಲಿ ಹಸಿವು ಬಾಯಾರಿಕೆಗಳನ್ನು ಅವನೇ ಅನುಭವಿಸಿದ್ದ.

ಬೆಡ್‌ಫರ್ಡ್ ಸೆರೆಮನೆಯನ್ನು ಖುದ್ದಾಗಿ ನೋಡಿದಾಗ ಶುಲ್ಕದ ಮೂಲ ಅವನಿಗೆ ಸ್ಪಷ್ಟವಾಯಿತು. ಜೈಲರನಿಗೆ ಸಂಬಳವೇ ಇರಲಿಲ್ಲ. ಕೈದಿಗಳಿಂದ ವಸೂಲು ಮಾಡಿದ್ದೇ ಅವನ ಜೀವನ. ಹಾಗಾಗಿ ಶುಲ್ಕವನ್ನು ರದ್ದುಪಡಿಸಿ ಜೈಲರನಿಗೆ ಕೌಂಟಿಯಿಂದಲೇ ಸಂಬಳ ಕೊಡಬೇಕೆಂದು ಹೋವರ್ಡ್ ಮ್ಯಾಜಿಸ್ಟ್ರೇಟರನ್ನು ಕೇಳಿಕೊಂಡ. ಅನ್ಯಾಯ ಅವರಿಗೂ ಮನವರಿಕೆಯಾಯಿತು. ಆದರೆ ಕೌಂಟಿಯ ಹಣವನ್ನು ಹೀಗೆ ಬಳಸಿದ ಪೂರ್ವನಿದರ್ಶನ ಬೇಕೆಂದರು. ಅದನ್ನು ಹುಡುಕುತ್ತ ಅವನು ನೆರೆಯ ಕೌಂಟಿಗಳಿಗೆ ಕುದುರೆಯೇರಿ ಹೊರಟ. ನಿದರ್ಶನ ಸಿಗಲಿಲ್ಲ, ಹೋದಲ್ಲೆಲ್ಲ ಸಿಕ್ಕಿದ್ದು ಅದೇ ಅನ್ಯಾಯ.

ಅದರ ಜೊತೆಗೆ ಜೈಲು ಜ್ವರವೂ ಇತ್ತು. ಹೇನುಗಳಿಂದ ಹರಡುವ ಟೈಫಸ್ಸೇ ಈ ಜ್ವರ. ಆ ವರ್ಷಗಳಲ್ಲಿ ಇಡೀ ದೇಶದಲ್ಲಿ ಗಲ್ಲಿಗೇರಿದವರಿಗಿಂತ ಈ ಜ್ವರಕ್ಕೆ ಬಲಿಯಾದವರೇ ಹೆಚ್ಚೆಂದು ಹೋವರ್ಡ್ ಬರೆದಿದ್ದಾನೆ. ಭೇಟಿಯ ನಂತರ ಬಟ್ಟೆಗಳು ಎಷ್ಟು ನಾರುತ್ತಿದ್ದವೆಂದರೆ ಮುಚ್ಚಿದ ಗಾಡಿಯಲ್ಲಿ ಕೂರಲಾಗದೆ ಕುದುರೆಯ ಮೇಲೆಯೇ ಪಯಣಿಸಬೇಕಾಗುತ್ತಿತ್ತು. ಟಿಪ್ಪಣಿ ಪುಸ್ತಕದ ಹಾಳೆಗಳನ್ನು ಒಂದೆರಡು ಗಂಟೆ ಬೆಂಕಿಯ ಮುಂದೆ ಹರಡಿದ ಮೇಲಷ್ಟೇ ಬಳಸಬಹುದಾಗಿತ್ತು. ಹಾಗೆ ಕಾಯಿಸಿದ ಹಾಳೆಗಳಲ್ಲಿ ಸಂಗ್ರಹವಾದ ಮಾಹಿತಿಯೇ ಅವನ ವಾದದ ನಿಜವಾದ ಬಲವೆಂದು ನನಗನಿಸುತ್ತದೆ.

1774ರಲ್ಲಿ ಅವನು ಸಂಸತ್ತಿನ ಕೆಳಮನೆಯಾದ ಹೌಸ್ ಆಫ್ ಕಾಮನ್ಸ್‌ನ ಮುಂದೆ ಸಾಕ್ಷ್ಯ ನುಡಿದ. ಯಾರ ಖರ್ಚಿನಲ್ಲಿ ತಿರುಗಾಡಿದಿರೆಂದು ಸದಸ್ಯರೊಬ್ಬರು ಕೇಳಿದರು. ಅದು ಅವನ ಸ್ವಂತ ಹಣವಾಗಿತ್ತು. ಅದೇ ವರ್ಷ ಸಂಸತ್ ಸದಸ್ಯ ಅಲೆಕ್ಸಾಂಡರ್ ಪೋಫಮ್ ಮಂಡಿಸಿದ ಎರಡು ಮಸೂದೆಗಳು ಕಾಯ್ದೆಗಳಾದವು. ಒಂದರ ಪ್ರಕಾರ ನಿರ್ದೋಷಿಗಳನ್ನು ತೆರೆದ ನ್ಯಾಯಾಲಯದಲ್ಲೇ ಬಿಡುಗಡೆ ಮಾಡಿ, ಜೈಲರನಿಗೆ ಸಲ್ಲಬೇಕಾದುದನ್ನು ಕೌಂಟಿಯ ಬೊಕ್ಕಸದಿಂದ ಕೊಡಬೇಕು. ಇನ್ನೊಂದು, ಸೆರೆಮನೆಗೆ ವರ್ಷಕ್ಕೊಮ್ಮೆಯಾದರೂ ಸುಣ್ಣ ಬಳಿಯಬೇಕು, ರೋಗಿಗಳಿಗೆ ಪ್ರತ್ಯೇಕ ಕೋಣೆಯೂ ವೈದ್ಯನೂ ಇರಬೇಕು ಎಂದಿತು. ಕಾಯ್ದೆಗಳ ಪ್ರತಿಗಳನ್ನು ಹೋವರ್ಡ್ ತಾನೇ ಅಚ್ಚು ಹಾಕಿಸಿ ಜೈಲರರಿಗೆ ಕಳುಹಿಸಿದ. ಆದರೂ ಅನೇಕ ಕೌಂಟಿಗಳು ಅವನ್ನು ಕಡೆಗಣಿಸಿದವು. ಖರ್ಚನ್ನು ಮಂಜೂರು ಮಾಡಬೇಕಾದವರೂ ತೆರಿಗೆಯ ಭಾರ ಕಡಿಮೆಯಿರಲಿ ಎಂದು ಬಯಸುವವರೂ ಒಂದೇ ವರ್ಗದವರಾಗಿದ್ದರು ಎಂಬುದನ್ನು ಇಲ್ಲಿ ಮರೆಯಲಾಗದು. ಆ ವರ್ಗದಿಂದಲೇ ಗ್ಲಾಸ್ಟರ್‌ಷೈರಿನ ಜಾರ್ಜ್ ಓನಿಸಿಫರಸ್ ಪಾಲ್‌ನಂಥವನೂ ಬಂದ. ತನ್ನ ಕೌಂಟಿಗೆಂದೇ 1785ರಲ್ಲಿ ಕಾಯ್ದೆಯೊಂದನ್ನು ಪಡೆದು ಹೊಸ ಸೆರೆಮನೆಗಳನ್ನು ಕಟ್ಟಿಸಿದ.

ಹೋವರ್ಡ್ 1790ರ ಜನವರಿಯಲ್ಲಿ, ರಷ್ಯಾ ಸಾಮ್ರಾಜ್ಯಕ್ಕೆ ಸೇರಿದ್ದ ಖೆರ್ಸಾನಿನಲ್ಲಿ ಜ್ವರದಿಂದ ತೀರಿಕೊಂಡ. ಜೈಲು ಶುಲ್ಕವನ್ನು ರದ್ದುಪಡಿಸುವ ಕಾಯ್ದೆ ಬಂದದ್ದು 1815ರಲ್ಲಿ. ಮ್ಯಾಜಿಸ್ಟ್ರೇಟರ ಕೈಯಿಂದ ಸೆರೆಮನೆಗಳು ಕೇಂದ್ರ ಸರ್ಕಾರಕ್ಕೆ ಹೋದದ್ದು, 1877ರ ಕಾಯ್ದೆಯ ಪ್ರಕಾರ, 1878ರ ಏಪ್ರಿಲ್ 1ರಂದು.