ಪದವೇ ಇಲ್ಲದ ಹಾಡನ್ನು ಹಾಡು ಅನ್ನಬಹುದಾ?

ಓದುಗರ ಪ್ರಶ್ನೆ: ಬೆಂಗಳೂರಿನಲ್ಲಿ ಒಂದು ಕಾರ್ಯಕ್ರಮಕ್ಕೆ ಹೋಗಿದ್ದೆ. ಗಾಯಕಿಯದ್ದು ಬರೀ ಉಸಿರು, ಗೊಣಗು, ಕೂಗು. ಒಂದು ಪದವೂ ಇಲ್ಲ. ಬಾಯಿಗೆ ಬಂದ ಸದ್ದೆಲ್ಲ ಸಂಗೀತ ಆಗುತ್ತಾ? ಇದನ್ನೇ ಕಸುಬು ಮಾಡಿಕೊಂಡವರೂ ಇದ್ದಾರಾ?

ಇದ್ದಾರೆ. ನ್ಯೂಯಾರ್ಕಿನ ಮೆರೆಡಿತ್ ಮಾಂಕ್ ಅರವತ್ತು ವರ್ಷದಿಂದ ಇದನ್ನೇ ಮಾಡುತ್ತಾ ಬಂದಿದ್ದಾರೆ.

ಅವರು ಹುಟ್ಟಿದ್ದು 1942ರಲ್ಲಿ. ತಾಯಿ ರೇಡಿಯೊ ಜಾಹೀರಾತಿಗೆ ಹಾಡುತ್ತಿದ್ದವರು. ಮಗಳಿಗೆ ಕಣ್ಣಿನ ತೊಂದರೆ ಇತ್ತು, ಮೈ ಹಿಡಿತಕ್ಕೆ ಬರುತ್ತಿರಲಿಲ್ಲ. ಅದಕ್ಕೇ ಪುಟ್ಟ ವಯಸ್ಸಿನಲ್ಲೇ ಕುಣಿಸುತ್ತಾ ಲಯ ಕಲಿಸುವ ಪಾಠಕ್ಕೆ ಸೇರಿಸಿದರು. ದೊಡ್ಡವರಾದ ಮೇಲೆ, ದನಿಯೂ ಕೈಕಾಲಿನ ಹಾಗೇ ಬಾಗುತ್ತೆ, ತಿರುಗುತ್ತೆ ಅಂತ ಅವರಿಗೆ ಹೊಳೆಯಿತು. ಆಮೇಲಿನ ಬದುಕೆಲ್ಲ ಅದರ ಹಿಂದೆಯೇ. 1969ರಲ್ಲಿ ಗುಗೆನ್‌ಹೈಮ್ ಮ್ಯೂಸಿಯಮ್ಮಿನ ಸುರುಳಿ ದಾರಿಯಲ್ಲಿ 85 ಜನರನ್ನು ಸೇರಿಸಿ ಒಂದು ಪ್ರದರ್ಶನ ಕಟ್ಟಿದರು. 1978ರಲ್ಲಿ ತಮ್ಮದೇ ಹಾಡುಗಾರರ ತಂಡ ಮಾಡಿಕೊಂಡರು. ಪ್ರಶಸ್ತಿಗಳೂ ಬಂದವು, 2015ರಲ್ಲಿ ಅಧ್ಯಕ್ಷ ಒಬಾಮಾ ಕೈಯಿಂದ ರಾಷ್ಟ್ರೀಯ ಪದಕವೂ.

ಆದರೆ "ಬಾಯಿಗೆ ಬಂದ ಸದ್ದು" ಅಂದಿರಲ್ಲ, ಅಲ್ಲೇ ನನ್ನ ತಕರಾರು. ತೋಚಿದಂತೆ ಹಾಡಿ ನೋಡುವುದು ಶುರುವಿಗೆ ಮಾತ್ರ. ಸಿಕ್ಕಿದ ಸದ್ದನ್ನು ಮಾಂಕ್ ಮತ್ತೆ ಮತ್ತೆ ತಿದ್ದುತ್ತಾರೆ. ತಂಡಕ್ಕೆ ಹೆಚ್ಚಾಗಿ ಬಾಯಿಂದ ಬಾಯಿಗೇ ಕಲಿಸುತ್ತಾರೆ, ನಮ್ಮ ಸಂಗೀತ ಪಾಠದ ಹಾಗೇ. ಅವರದ್ದೊಂದು ಹಾಡಿನಲ್ಲಿ ಇಬ್ಬರೇ ಇರುತ್ತಾರೆ. ಇವರು ಒಂದು ಸ್ವರ, ಮುಂದಿನದು ಅವರು, ಮತ್ತೆ ಇವರು. ಒಂದೇ ಒರಳಿಗೆ ಇಬ್ಬರು ಹೆಂಗಸರು ಒನಕೆ ಹಾಕುವುದನ್ನು ನೋಡಿದ್ದೀರಾ? ಒಬ್ಬರದು ಮೇಲೆದ್ದಾಗ ಇನ್ನೊಬ್ಬರದು ಕೆಳಗೆ. ಚೂರು ತಪ್ಪಿದರೂ ಒನಕೆಗೆ ಒನಕೆ ತಾಗುತ್ತೆ. ಇದೂ ಹಾಗೇ. ಸುಮ್ನೆ ಬಾಯಿ ಬಿಟ್ಟರೆ ಆಗುವ ಕೆಲಸ ಅಲ್ಲ.

ಮತ್ತೆ, ಪದ ಇಲ್ಲದ ಹಾಡು ನಮಗೇನು ಹೊಸದಲ್ಲ. ಆಲಾಪನೆಯಲ್ಲಿ ಪದ ಎಲ್ಲಿದೆ? ತಾಳದ ಸೊಲ್ಲನ್ನು ಬಾಯಲ್ಲೇ ಹೇಳುವ ಕೊನ್ನಕ್ಕೋಲಿನ ತಕಧಿಮಿ ತಕಜಣುಗೆ ಅರ್ಥ ಯಾರೂ ಕೇಳುವುದಿಲ್ಲ, ಅಲ್ವಾ? ನಮ್ಮ ಊರಿನ ಆರ್. ಎ. ರಮಾಮಣಿ ಅವರು ಇದೇ ಸ್ವರ, ಇದೇ ಸೊಲ್ಲು ಹಿಡಿದು ಜಾಝ್‌ನವರ ಜೊತೆ ಹಾಡಿದವರು. ಅವರೂ ಟಿ. ಎ. ಎಸ್. ಮಣಿ ಅವರ ಕರ್ನಾಟಕ ಕಾಲೇಜ್ ಆಫ್ ಪರ್ಕಶನ್ ತಂಡವೂ ಸ್ಯಾಕ್ಸೊಫೋನ್ ವಾದಕ ಚಾರ್ಲಿ ಮಾರಿಯಾನೊ ಜೊತೆ ಸೇರಿ ಮಾಡಿದ 'ಜ್ಯೋತಿ' ಆಲ್ಬಂ 1983ರಲ್ಲಿ ಬಂತು. ಹೊರತಂದದ್ದು ಮ್ಯೂನಿಕ್‌ನ ಇಸಿಎಂ ಕಂಪನಿ. ಮಾಂಕ್ ಅವರ 'ಡಾಲ್ಮೆನ್ ಮ್ಯೂಸಿಕ್' ಆಲ್ಬಂ ಅನ್ನು 1981ರಲ್ಲಿ ತಂದದ್ದೂ ಅವರೇ. ಡಾಲ್ಮೆನ್ ಅಂದರೆ ಚಪ್ಪಡಿ ಕಲ್ಲು ಹೊದಿಸಿದ ಹಳೇ ಕಾಲದ ಕಲ್ಗೋರಿ, ನಮ್ಮ ಕೊಪ್ಪಳ ಜಿಲ್ಲೆಯ ಹಿರೇಬೆಣಕಲ್ ಗುಡ್ಡದ ಮೇಲಿವೆಯಲ್ಲ, ಅಂಥವು. ಆ ಹೆಸರಿನ ಹಾಡಿನಲ್ಲಿ ಆರು ಜನ ಹಾಡುತ್ತಾರೆ. ಕಲ್ಲಿನ ಸುತ್ತ ಕೂತ ಹಳೇ ಕಾಲದವರು ಗುಟ್ಟಾಗಿ ಏನೋ ಮಾತಾಡಿಕೊಂಡ ಹಾಗೆ ನನಗೆ ಕೇಳಿಸುತ್ತೆ.

ಎರಡನ್ನೂ ಒಂದೇ ಸಂಜೆ ಕೂತು ಕೇಳಿ. ಮೊದಲು ರಮಾಮಣಿ ಅವರದ್ದು.